ಮಧ್ಯಯುಗದ ಫ್ರಾನ್ಸ್ ಓದೋಕೆ ಶುರು ಮಾಡೋದು ಹೇಗೆ? ಒಂಬತ್ತನೇ ಲೂಯಿಯಿಂದ ಹಿಡ್ಕೊಳ್ಳಿ

ಮಧ್ಯಯುಗದ ಫ್ರಾನ್ಸ್ ಬಗ್ಗೆ ಓದ್ಬೇಕು ಅಂತ ಕೂತವ್ರು ತುಂಬಾ ಜನ ಮೊದ್ಲು ತೆಗಿಯೋದೇ ರಾಜರ ಪಟ್ಟಿ. 987ರಲ್ಲಿ ಹ್ಯೂ ಕಾಪೆ ಪಟ್ಟಕ್ಕೆ ಬಂದ, ಅವನ ನೇರ ವಂಶ 1328ರ ತನಕ ಆಳ್ತು, ನಡುವೆ ಐದು ಲೂಯಿ, ಐದು ಫಿಲಿಪ್. ಯಾವ ಲೂಯಿ ಯಾವ ಫಿಲಿಪ್‌ನ ಮಗ ಅನ್ನೋದರಲ್ಲೇ ತಲೆ ಕೆಟ್ಟು ಪುಸ್ತಕ ಮುಚ್ಚಿಡ್ತಾರೆ. ಆ ದಾರಿ ಬೇಡ. ಒಬ್ಬನೇ ರಾಜನ್ನ ಗಟ್ಟಿಯಾಗಿ ಹಿಡ್ಕೊಳ್ಳಿ, ಅವನಿಂದ ಹಿಂದಕ್ಕೂ ಮುಂದಕ್ಕೂ ಹೋಗಿ. ನಾನು ಹೇಳೋದು ಒಂಬತ್ತನೇ ಲೂಯಿ, 1226ರಿಂದ 1270ರ ತನಕ ಆಳಿದವನು, ಸತ್ತ ಮೇಲೆ ಸಂತ ಅನ್ನಿಸ್ಕೊಂಡವನು. ಯಾಕೆ ಇವನೇ ಅಂದ್ರೆ ರಾಜಾಧಿಕಾರ, ಧರ್ಮ, ಜನಜೀವನ ಇವನ್ನ ಬೇರೆ ಬೇರೆ ಅಧ್ಯಾಯ ಮಾಡಿ ಓದೋ ಅಭ್ಯಾಸ ನಮಗಿದೆಯಲ್ಲ, ಅದು ಇವನ ಹತ್ರ ನಡೆಯೋದೇ ಇಲ್ಲ. ಇವನ ಭಕ್ತಿನೇ ಇವನ ಆಡಳಿತ. ಅದು ಒಳ್ಳೇದಾಗಿ ಬಂದಿದ್ದೂ ಇದೆ, ಘೋರವಾಗಿ ಬಂದಿದ್ದೂ ಇದೆ.

ಮೊದ್ಲು ಪಟ್ಟಾಭಿಷೇಕ ಅರ್ಥ ಮಾಡ್ಕೊಳ್ಳಿ. ಲೂಯಿಗೆ ಪಟ್ಟ ಆದಾಗ ಹನ್ನೆರಡು ವರ್ಷ, 1226ರ ನವೆಂಬರ್ 29, ಊರು ರೀಮ್ಸ್. ಅಲ್ಲಿ ಕಿರೀಟಕ್ಕಿಂತ ಮುಖ್ಯ ಎಣ್ಣೆ. ಕ್ಲೋವಿಸ್ ಅನ್ನೋ ಹಳೇ ಫ್ರಾಂಕ್ ರಾಜನಿಗೆ ಸಂತ ರೆಮಿ ದೀಕ್ಷಾಸ್ನಾನ ಮಾಡಿಸುವಾಗ ಒಂದು ಪಾರಿವಾಳ ಸ್ವರ್ಗದಿಂದ ಎಣ್ಣೆಯ ಕುಪ್ಪಿ ತಂತು ಅನ್ನೋ ನಂಬಿಕೆ. ಈ ಕಥೆನ ಜೋರಾಗಿ ಹಬ್ಬಿಸಿದ್ದು ಒಂಬತ್ತನೇ ಶತಮಾನದ ರೀಮ್ಸ್ ಆರ್ಚ್‌ಬಿಷಪ್ ಹಿಂಕ್ಮಾರ್, ಅಂದ್ರೆ ಕ್ಲೋವಿಸ್ ಸತ್ತು ಮುನ್ನೂರು ವರ್ಷ ಕಳೆದ ಮೇಲೆ. ಆ ಎಣ್ಣೆ ಹಚ್ಚಿಸ್ಕೊಂಡ ರಾಜ ಬರೀ ದೊಡ್ಡ ಜಮೀನ್ದಾರ ಅಲ್ಲ, ಅರ್ಧ ಪುರೋಹಿತ ಇದ್ದ ಹಾಗೆ. ಕುತ್ತಿಗೆಯಲ್ಲಿ ಗಂಟು ಏಳೋ ಕಾಯಿಲೆ ಇದ್ದವ್ರು ರಾಜ ಮುಟ್ಟಿದ್ರೆ ವಾಸಿ ಆಗತ್ತೆ ಅಂತ ಸಾಲುಗಟ್ಟಿ ಬರೋರು. ಈ ಭಾಗ ಮೂಢನಂಬಿಕೆ ಅಂತ ಬಿಟ್ಟು ಮುಂದೆ ಹೋಗ್ಬೇಡಿ, ಸೈನ್ಯ ಸಣ್ಣದಿದ್ದ, ಖಜಾನೆ ಸಣ್ಣದಿದ್ದ ರಾಜಮನೆತನ ದೊಡ್ಡ ದೊಡ್ಡ ಡ್ಯೂಕ್‌ಗಳ ನಡುವೆ ಉಳ್ಕೊಂಡಿದ್ದರಲ್ಲಿ ಈ ಎಣ್ಣೆಗೂ ಪಾಲಿದೆ.

ಆಮೇಲೆ ಮ್ಯಾಪ್. ಈಗಿನ ಫ್ರಾನ್ಸ್ ಮ್ಯಾಪ್ ಮುಂದೆ ಇಟ್ಕೊಂಡ್ರೆ ದಾರಿ ತಪ್ಪತ್ತೆ. ಶುರುವಿನ ಕಾಪೆ ರಾಜರ ನೇರ ಹಿಡಿತ ಪ್ಯಾರಿಸ್, ಓರ್ಲಿಯಾನ್ಸ್ ಸುತ್ತಮುತ್ತ ಅಷ್ಟೇ. ನಾರ್ಮಂಡಿ ಕೈಗೆ ಬಂದಿದ್ದು 1204ರಲ್ಲಿ, ಲೂಯಿಯ ಅಜ್ಜ ಎರಡನೇ ಫಿಲಿಪ್ ಇಂಗ್ಲೆಂಡಿನ ಜಾನ್ ರಾಜನಿಂದ ಕಿತ್ಕೊಂಡಾಗ. ಹತ್ತು ವರ್ಷ ಬಿಟ್ಟು 1214ರ ಜುಲೈ 27ಕ್ಕೆ ಬುವೀನ್ ಯುದ್ಧ ಗೆದ್ದು ಅದನ್ನ ಗಟ್ಟಿ ಮಾಡ್ಕೊಂಡ. ದಕ್ಷಿಣದ ಕಥೆನೇ ಬೇರೆ, ಚರ್ಚು ಧರ್ಮವಿರೋಧಿಗಳು ಅಂತ ಕರೆದ ಕಥಾರ್ ಪಂಥದವರ ಮೇಲೆ ಅಂತ 1209ರಲ್ಲಿ ಶುರುವಾದ ಧರ್ಮಯುದ್ಧ (ಕ್ರುಸೇಡ್) ಇಪ್ಪತ್ತು ವರ್ಷ ನಡೆದು 1229ರ ಒಪ್ಪಂದದಲ್ಲಿ ಮುಗೀತು, ಅದರ ಫಲವಾಗಿ ಅಲ್ಲಿನ ನೆಲ ಮೆಲ್ಲಗೆ ರಾಜನ ಕೈಗೆ ಬಂತು. ಅಲ್ಲಿನ ಭಾಷೆನೂ ಬೇರೆ, ಓಕ್ಸಿಟಾನ್. ಈ ಮೂರು ತುಂಡು ನೆನಪಿದ್ರೆ ಸದ್ಯಕ್ಕೆ ಸಾಕು.

ಈಗ ಒಂದು ಕಟ್ಟಡ ನೋಡಿ, ಫೋಟೋದಲ್ಲಾದ್ರೂ ಸರಿ, ಹೋಗೋ ಭಾಗ್ಯ ಇದ್ರೆ ಇನ್ನೂ ಒಳ್ಳೇದು. ಪ್ಯಾರಿಸ್ ನಡುವಿನ ದ್ವೀಪದಲ್ಲಿರೋ ಸ್ಯಾಂತ್ ಶಾಪೆಲ್. ಕಾನ್‌ಸ್ಟಾಂಟಿನೋಪಲ್‌ನ ಲ್ಯಾಟಿನ್ ಚಕ್ರವರ್ತಿ ಎರಡನೇ ಬಾಲ್ಡ್ವಿನ್‌ಗೆ ದುಡ್ಡಿನ ಮುಗ್ಗಟ್ಟು, ಯೇಸುವಿನ ಮುಳ್ಳಿನ ಕಿರೀಟ ಅಂತ ಪೂಜಿಸ್ತಿದ್ದದ್ದು ವೆನಿಸ್‌ನವರ ಹತ್ರ ಅಡ ಇತ್ತು. ಲೂಯಿ ಅದನ್ನ ಬಿಡಿಸ್ಕೊಂಡ. 1239ರ ಆಗಸ್ಟ್‌ನಲ್ಲಿ ಅದು ಬಂದಾಗ ರಾಜ ಮತ್ತು ಅವನ ತಮ್ಮ ರಾಬರ್ಟ್ ಬರಿಗಾಲಲ್ಲಿ, ಮೈಮೇಲೆ ಬರೀ ಒಂದು ಅಂಗಿ ಹಾಕ್ಕೊಂಡು, ಹೆಗಲ ಮೇಲೆ ಹೊತ್ತು ಸಾನ್ಸ್ ಊರಿಗೆ ತಂದ್ರು. ಅದಕ್ಕೆ ಖರ್ಚಾಗಿದ್ದು 135,000 ಲೀವ್ರ್ (ಆಗಿನ ಫ್ರೆಂಚ್ ದುಡ್ಡಿನ ಲೆಕ್ಕ), ಅದನ್ನ ಇಡೋಕೆ ಕಟ್ಟಿದ ಈ ಪ್ರಾರ್ಥನಾ ಮಂದಿರಕ್ಕೆ ಸುಮಾರು 40,000 ಲೀವ್ರ್. ಇಷ್ಟು ಚಂದದ ಕಟ್ಟಡಕ್ಕಿಂತ ಒಳಗಿರೋ ವಸ್ತುಗೆ ಮೂರು ಪಟ್ಟಿಗೂ ಜಾಸ್ತಿ! ಈ ಎರಡು ಅಂಕಿ ಪಕ್ಕಪಕ್ಕ ಬರ್ದಿಟ್ಕೊಳ್ಳಿ, ಆ ಕಾಲದವರ ಮನಸ್ಸಲ್ಲಿ ಯಾವುದಕ್ಕೆ ಎಷ್ಟು ಬೆಲೆ ಅಂತ ಕಾಣತ್ತೆ.

1248ರ ಏಪ್ರಿಲ್ 26ಕ್ಕೆ ಪ್ರತಿಷ್ಠೆ ಆಯ್ತು. ಎರಡು ಅಂತಸ್ತು. ಮೇಲಿನದು ರಾಜನಿಗೆ, ಅರಮನೆಯಿಂದ ನೇರ ಬಾಗಿಲು. ಕೆಳಗಿನದು ಅರಮನೆ ಕೆಲಸದವರಿಗೆ. ಸಮಾಜದ ಮೇಲು ಕೀಳು ಕಲ್ಲಲ್ಲೇ ಇದೆ ನೋಡಿ. ಮೇಲೆ ಹದಿನೈದು ಎತ್ತರದ ಬಣ್ಣದ ಗಾಜಿನ ಕಿಟಕಿ, ಅವನ್ನ ಓದೋ ಕ್ರಮ ಕೆಳಗಿಂದ ಮೇಲಕ್ಕೆ, ಎಡದಿಂದ ಬಲಕ್ಕೆ. ತುಂಬಾ ಜನ ಮೇಲಿಂದ ನೋಡೋಕೆ ಹೋಗಿ ಕಥೆ ಹತ್ತಲ್ಲ ಅಂತಾರೆ. ಬೈಬಲ್ ಕಥೆಗಳ ನಡುವೆ ರಾಜರಿಗೆ ಪಟ್ಟ ಕಟ್ಟೋ ಚಿತ್ರ ಮತ್ತೆ ಮತ್ತೆ ಬರತ್ತೆ, ಕೊನೆಗೆ ಒಂದು ಕಿಟಕಿಯಲ್ಲಿ ಈ ಪವಿತ್ರ ವಸ್ತುಗಳು ಪ್ಯಾರಿಸ್‌ಗೆ ಬಂದ ಕಥೆ, ಅದರಲ್ಲಿ ಲೂಯಿನೂ ಇದಾನೆ. ದಾವೀದ, ಸೊಲೊಮೋನರ ಸಾಲು ನೇರ ತನ್ನ ತನಕ ಬಂತು ಅಂತ ರಾಜ ಗಾಜಲ್ಲಿ ಹೇಳಿಸಿದಾನೆ. ಆ ಕಿರೀಟ ಆಮೇಲೆ ನೋತ್ರ್ ದಾಮ್ ಸೇರ್ತು, 2019ರ ಬೆಂಕಿಯಲ್ಲಿ ಅದನ್ನ ಹೊರಗೆ ತಂದು ಉಳಿಸಿದ್ರು.

ಮುಂದಿನ ಹೆಜ್ಜೆ, ಒಂದು ಮೂಲ ಗ್ರಂಥ. ಜ್ವಾನ್‌ವೀಲ್ ಅನ್ನೋ ಶಾಂಪೇನ್ ಸೀಮೆಯ ಸರದಾರ ಬರೆದ ಲೂಯಿಯ ಜೀವನ ಚರಿತ್ರೆ. ಹಳೇ ಇಂಗ್ಲಿಷ್ ಅನುವಾದಗಳು ನೆಟ್ಟಲ್ಲಿ ಫ್ರೀಯಾಗಿ ಸಿಗತ್ತೆ, ಫ್ರೆಂಚ್ ಬಂದ್ರೆ ಗ್ಯಾಲಿಕಾ ಅನ್ನೋ ಅವರ ರಾಷ್ಟ್ರೀಯ ಲೈಬ್ರರಿಯ ಸೈಟ್ ಇದೆ. ಇದರಲ್ಲಿ ಮೊದ್ಲು ಕುಷ್ಠರೋಗದ ಮಾತು ಬರೋ ಜಾಗ ಹುಡುಕಿ ಓದಿ. ನಿನಗೆ ಕುಷ್ಠ ಬರೋದು ಮೇಲೋ, ಘೋರ ಪಾಪ ಮಾಡೋದು ಮೇಲೋ ಅಂತ ರಾಜ ಕೇಳ್ತಾನೆ. ಜ್ವಾನ್‌ವೀಲ್ ಹಿಂದೆ ಮುಂದೆ ನೋಡದೆ, ಕುಷ್ಠಕ್ಕಿಂತ ಮೂವತ್ತು ಪಾಪ ಮಾಡಿರೋದೇ ಮೇಲು ಅಂತಾನೆ. ಆಗ ರಾಜ ಏನೂ ಅನ್ನಲ್ಲ. ಮಾರನೇ ದಿನ ಕರೆಸಿ, ಕಾಲ ಹತ್ರ ಕೂರಿಸ್ಕೊಂಡು, ನೀನು ಹಾಗಂದಿದ್ದು ತಪ್ಪು ಅಂತ ಬುದ್ಧಿ ಹೇಳ್ತಾನೆ. ನನಗೆ ಇಡೀ ಪುಸ್ತಕದಲ್ಲಿ ಇದೇ ಜಾಗ ತುಂಬಾ ಇಷ್ಟ, ಯಾಕಂದ್ರೆ ಇಲ್ಲಿ ಎರಡು ದನಿ ಕೇಳತ್ತೆ, ಒಂದು ಪಾಪದ ಭಯ ಮೈಯೆಲ್ಲಾ ತುಂಬ್ಕೊಂಡ ರಾಜಂದು, ಇನ್ನೊಂದು ದೇವರನ್ನ ನಂಬಿದ್ರೂ ಮೈ ನೋವಿಗೆ ಹೆದರೋ ಮಾಮೂಲಿ ಮನುಷ್ಯಂದು.

ಆದ್ರೆ ಓದುವಾಗ ಕಾಲ ನೆನಪಿರ್ಲಿ. ಲೂಯಿ ಸತ್ತಿದ್ದು 1270ರ ಆಗಸ್ಟ್ 25, ಟ್ಯುನಿಸ್ ಹತ್ರ, ತನ್ನ ಎರಡನೇ ಧರ್ಮಯುದ್ಧಕ್ಕೆ ಹೋದಾಗ. ಸಂತ ಪದವಿ 1297ರಲ್ಲಿ. ಜ್ವಾನ್‌ವೀಲ್ ಪುಸ್ತಕ ಮುಗಿಸಿದ್ದು 1309ರಲ್ಲಿ, ಅದೂ ಲೂಯಿಯ ಮೊಮ್ಮಗನ ಹೆಂಡತಿ ಜಾನ್ ರಾಣಿ ಕೇಳ್ಕೊಂಡಿದ್ದಕ್ಕೆ. ಅಂದ್ರೆ ಸಂತ ಅಂತ ಆಗಲೇ ತೀರ್ಮಾನ ಆದವನ ಬಗ್ಗೆ, ವಯಸ್ಸಾದ ಗೆಳೆಯ, ಆ ಕಾಲದ ರಾಜನಿಗೆ ಇವನನ್ನ ನೋಡಿ ಕಲಿ ಅನ್ನೋ ಹಾಗೆ ಬರೆದದ್ದು. ವ್ಯಾನ್ಸೆನ್ ಕಾಡಲ್ಲಿ ಓಕ್ ಮರಕ್ಕೆ ಒರಗಿ ಕೂತು ರಾಜ ನ್ಯಾಯ ಹೇಳ್ತಿದ್ದ ಅನ್ನೋ ಚಿತ್ರ ಎಲ್ಲರಿಗೂ ಗೊತ್ತು, ಅದೂ ಇಲ್ಲಿಂದಲೇ ಬಂದಿದ್ದು. ಆ ಪ್ಯಾರಾ ನಿಧಾನಕ್ಕೆ ಓದಿ. ದೂರು ಇರೋರು ಎದ್ದು ನಿಂತ್ಕೊಂಡ್ರೆ ರಾಜ ಪಿಯರ್ ದ ಫೊಂತೇನ್, ಜೆಫ್ರುವಾ ದ ವಿಲೆತ್ ಅನ್ನೋ ಇಬ್ಬರನ್ನ ಕರೆದು ಇವರದ್ದು ನೋಡಿ ಅಂತಾನೆ. ಪಿಯರ್ ಕಾನೂನು ಓದಿದವನು. ಮರದ ಕೆಳಗೆ ಆಗಲೇ ವಕೀಲರು ಬಂದು ಕೂತಿದಾರೆ, ಮುಂದಿನ ಕಾಲದ ಪ್ಯಾರಿಸ್ ಕೋರ್ಟು ಹುಟ್ಟೋದು ಇಂಥವರಿಂದಲೇ.

ಹೊಗಳಿಕೆ ಓದಿದ ಮೇಲೆ ದೂರು ಓದಿ, ಇದನ್ನ ಮಾತ್ರ ತಪ್ಪಿಸ್ಬೇಡಿ. 1247ರಲ್ಲಿ, ತನ್ನ ಮೊದಲ ಧರ್ಮಯುದ್ಧಕ್ಕೆ ಹೊರಡೋ ಮುಂಚೆ, ನನ್ನ ಅಧಿಕಾರಿಗಳು ಜನಕ್ಕೆ ಏನೇನು ಅನ್ಯಾಯ ಮಾಡಿದಾರೆ ಕೇಳ್ಕೊಂಡು ಬನ್ನಿ ಅಂತ ಲೂಯಿ ಸೀಮೆ ಸೀಮೆಗೆ ವಿಚಾರಣೆದಾರರನ್ನ ಕಳಿಸ್ದ, ಹೆಚ್ಚಿನವರು ಫ್ರಾನ್ಸಿಸ್ಕನ್, ಡೊಮಿನಿಕನ್ ಸನ್ಯಾಸಿಗಳು. ಹೊಲ ಕಿತ್ಕೊಂಡ್ರು, ಸುಳ್ಳು ದಂಡ ಹಾಕಿದ್ರು, ಲಂಚ ತಿಂದ್ರು ಅಂತ ಸಾಮಾನ್ಯ ಜನ ಹೇಳಿದ್ದು ದಾಖಲೆಯಾಗಿ ಉಳಿದಿದೆ. ತನ್ನ ಆತ್ಮಕ್ಕೆ ಪಾಪ ಅಂಟಬಾರದು ಅಂತ ಮಾಡಿದ ಕೆಲ್ಸ ಆಡಳಿತದ ತಪಾಸಣೆ ಆಗಿ, 1254ರ ಸುಧಾರಣಾ ಆಜ್ಞೆಗೆ ದಾರಿ ಆಯ್ತು. ದೊಡ್ಡವರನ್ನೂ ಬಿಡ್ಲಿಲ್ಲ, ಕಾಡಲ್ಲಿ ಬೇಟೆಗೆ ಬಂದ್ರು ಅಂತ ಮೂರು ಫ್ಲೆಮಿಶ್ ಹುಡುಗರನ್ನ ನೇಣಿಗೆ ಹಾಕಿದ ಕೂಸಿ ಅನ್ನೋ ಊರಿನ ಪಾಳೇಗಾರ ಆಂಗೆರಾನ್‌ನ ಲೂವ್ರ್ ಕೋಟೆಯಲ್ಲಿ ಕೂಡಿ ಹಾಕಿ, ಭಾರೀ ದಂಡ ಹಾಕ್ಸಿ, ಆ ಹುಡುಗರ ಆತ್ಮಕ್ಕೆ ಪ್ರಾರ್ಥನೆ ನಡೆಯೋ ಹಾಗೆ ಮಾಡ್ಸಿದ.

ಅದೇ ಮನಸ್ಸಾಕ್ಷಿಯ ಇನ್ನೊಂದು ಮುಖ ಯಹೂದಿಗಳ ಮೇಲೆ ಬಿತ್ತು. 1240ರಲ್ಲಿ ಪ್ಯಾರಿಸ್‌ನಲ್ಲಿ ಅವರ ತಾಲ್ಮುದ್ ಅನ್ನೋ ಧರ್ಮಗ್ರಂಥದ ಮೇಲೆ ವಿಚಾರಣೆ ಮಾಡಿ, 1242ರಲ್ಲಿ ಗಾಡಿಗಟ್ಲೆ ಕೈಬರಹದ ಪ್ರತಿಗಳನ್ನ ಸುಟ್ರು. ಪ್ರಿಂಟಿಂಗ್ ಇಲ್ಲದ ಕಾಲ, ಒಂದೊಂದು ಪ್ರತಿಗೂ ಯಾರೋ ತಿಂಗಳುಗಟ್ಲೆ ಕೂತು ಬರೆದಿದ್ರು. ರೋಥೆನ್‌ಬರ್ಗ್‌ನ ರಬ್ಬಿ ಮೇಯರ್ ಆ ಬೆಂಕಿ ಬಗ್ಗೆ ಬರೆದ ಶೋಕಗೀತೆನ ಯಹೂದಿಗಳು ಇವತ್ತಿಗೂ ತಮ್ಮ ವಾರ್ಷಿಕ ಶೋಕದ ದಿನ ಹೇಳ್ತಾರೆ. 1269ರಲ್ಲಿ ಯಹೂದಿಗಳು ಎದೆ ಮೇಲೂ ಬೆನ್ನ ಮೇಲೂ ದುಂಡನೆ ಬಟ್ಟೆ ಗುರುತು ಹೊಲಿಸ್ಕೋಬೇಕು ಅಂತ ಲೂಯಿ ಆಜ್ಞೆ ಹೊರಡಿಸ್ದ. ಓಕ್ ಮರದ ರಾಜ, ಈ ಬೆಂಕಿಯ ರಾಜ ಇಬ್ಬರೂ ಒಬ್ಬನೇ. ಕಾಲ ಹಾಗಿತ್ತು ಅಂತ ಹೇಳಿ ಮುಗಿಸೋ ಪುಸ್ತಕಗಳನ್ನ ನಾನು ನಂಬಲ್ಲ.

ಓದ್ತಾ ಹೋದ ಹಾಗೆ ಎರಡು ಕಡೆ ಎಡವ್ತೀರಿ, ಮುಂಚೆನೇ ಹೇಳಿಬಿಡ್ತೀನಿ. ಒಂದು ದುಡ್ಡು. ಒಂದು ಲೀವ್ರ್ ಅಂದ್ರೆ 20 ಸೂ, ಒಂದು ಸೂ ಅಂದ್ರೆ 12 ದನಿಯೇ. ಅದರಲ್ಲೂ ಪ್ಯಾರಿಸ್ ಲೀವ್ರ್ ಬೇರೆ, ತೂರ್ ಲೀವ್ರ್ ಬೇರೆ, ಪ್ಯಾರಿಸ್‌ನ 4 ಕೊಟ್ರೆ ತೂರ್‌ನ 5. ಯಾವ ಲೀವ್ರ್ ಅಂತ ನೋಡದೆ ಎರಡು ಅಂಕಿ ಹೋಲಿಸ್ಬೇಡಿ. ಇನ್ನೊಂದು ತಾರೀಖು. ಆಗ ಫ್ರೆಂಚ್ ರಾಜನ ಕಚೇರಿಯಲ್ಲಿ ಹೊಸ ವರ್ಷ ಜನವರಿ 1ಕ್ಕಲ್ಲ, ಈಸ್ಟರ್ ಹಬ್ಬಕ್ಕೆ. ಶಾಸನಗಳ ಶಕ ವರ್ಷನ ಇಸವಿಗೆ ತಿರುಗಿಸುವಾಗ ಯುಗಾದಿ ಮುಂಚೆನೋ ಆಮೇಲೋ ಅಂತ ನೋಡ್ತೀವಲ್ಲ, ಅದೇ ಎಚ್ಚರ ಇಲ್ಲೂ ಬೇಕು. ಟೆಂಪ್ಲರ್ ಅನ್ನೋ ಯೋಧ ಸನ್ಯಾಸಿಗಳ ಪಂಗಡದ ಮುಖ್ಯಸ್ಥ ಜಾಕ್ ದ ಮೊಲೇನ ಸುಟ್ಟಿದ್ದು ನಮ್ಮ ಲೆಕ್ಕದಲ್ಲಿ 1314ರ ಮಾರ್ಚ್, ಆ ವರ್ಷದ ಈಸ್ಟರ್ ಏಪ್ರಿಲ್‌ನಲ್ಲಿ, ಹಾಗಾಗಿ ಅವರ ಲೆಕ್ಕದಲ್ಲಿ ಅದಿನ್ನೂ 1313. ಎರಡು ಪುಸ್ತಕದಲ್ಲಿ ಎರಡು ಇಸವಿ ಕಂಡ್ರೆ ಮೊದ್ಲು ತಿಂಗಳು ನೋಡಿ.

ರಾಜನಿಂದ ಸ್ವಲ್ಪ ದೂರ ಹೋಗಿ ಜನರನ್ನ ನೋಡ್ಬೇಕು ಅನ್ನಿಸಿದಾಗ ಎರಡು ದಾಖಲೆ ಇದೆ. ಪ್ಯಾರಿಸ್‌ನ ಅಧಿಕಾರಿ ಎತಿಯೆನ್ ಬ್ವಾಲೋ 1268ರ ಸುಮಾರಿಗೆ ನಗರದ ನೂರರಷ್ಟು ಕಸುಬುಗಳ ಕಟ್ಟಳೆ ಬರೆಸಿದ. ರೇಷ್ಮೆ ನೂಲೋ ಹೆಂಗಸರದ್ದೇ ಸಂಘಗಳಿದ್ವು ಅದರಲ್ಲಿ. ದೀಪದ ಬೆಳಕಲ್ಲಿ ಕೆಲ್ಸ ಕೆಡತ್ತೆ ಅಂತ ಎಷ್ಟೋ ಕಸುಬಿಗೆ ರಾತ್ರಿ ದುಡಿಮೆ ನಿಷೇಧ, ಕೆಲಸದ ಹೊತ್ತು ಹೇಳೋಕೆ ಚರ್ಚಿನ ಪ್ರಾರ್ಥನೆಯ ಹೊತ್ತೇ ಗಡಿಯಾರ. ಇನ್ನೊಂದು ದಕ್ಷಿಣದ್ದು, ಪಾಮಿಯೆ ಬಿಷಪ್ ಜಾಕ್ ಫುರ್ನಿಯೆ 1318ರಿಂದ 1325ರ ತನಕ ನಡೆಸಿದ ಧರ್ಮವಿಚಾರಣೆಯ ದಾಖಲೆ. ಪಿರನೀಸ್ ಬೆಟ್ಟದ ಮೊಂತಾಯು ಹಳ್ಳಿಯ ಕುರುಬರು, ವಿಧವೆಯರು, ಪಾದ್ರಿ ಎಲ್ಲರ ಮಾತೂ ಇದೆ, ಬಿಸಿಲಲ್ಲಿ ಕೂತು ಒಬ್ಬರ ತಲೆ ಹೇನು ಇನ್ನೊಬ್ಬರು ತೆಗಿತಾ ಆಡಿದ ಮಾತೂ ಸಿಗತ್ತೆ. ಓದೋಕೆ ತುಂಬಾ ಸೊಗಸು, ಆದ್ರೆ ಅವ್ರು ಓಕ್ಸಿಟಾನ್‌ನಲ್ಲಿ ಹೇಳಿದ್ದನ್ನ ಗುಮಾಸ್ತ ಲ್ಯಾಟಿನ್‌ಗೆ ತಿರುಗಿಸಿದಾನೆ, ಹೇಳಿದವ್ರು ಜೈಲಿನ ಭಯದಲ್ಲಿ ಹೇಳಿದಾರೆ. ಪ್ರತಿ ಸಾಲಿಗೂ ಪ್ರಶ್ನೆ ಕೇಳಿದ್ದು ಯಾರು ಅಂತ ಕೇಳ್ಕೊಳ್ಳಿ.

ಇಷ್ಟು ಆದ ಮೇಲೆ ಲೂಯಿಯ ಮೊಮ್ಮಗ ನಾಲ್ಕನೇ ಫಿಲಿಪ್‌ಗೆ ಬನ್ನಿ. ಪಾದ್ರಿಗಳ ಮೇಲೆ ತೆರಿಗೆ ಹಾಕೋ ವಿಷಯಕ್ಕೆ ಅವನಿಗೂ ಪೋಪ್ ಎಂಟನೇ ಬೊನಿಫಾಸ್‌ಗೂ 1296ರಲ್ಲಿ ಜಗಳ ಹತ್ತಿತ್ತು. ಮಾರನೇ ವರ್ಷ ಅದು ಸ್ವಲ್ಪ ತಣ್ಣಗಾದಾಗ ಅದೇ ಬೊನಿಫಾಸ್ ಫಿಲಿಪ್‌ನ ಅಜ್ಜನಿಗೆ ಸಂತ ಪದವಿ ಕೊಟ್ಟ. 1302ರಲ್ಲಿ ಜಗಳ ಮತ್ತೆ ಎದ್ದು, ಫಿಲಿಪ್ ಪ್ಯಾರಿಸ್‌ನಲ್ಲಿ ಪಾದ್ರಿಗಳು, ಸರದಾರರು, ಊರುಗಳ ಪ್ರತಿನಿಧಿಗಳು ಎಲ್ಲರನ್ನೂ ಸೇರಿಸಿ ಸಭೆ ಕರೆದ. 1303ರ ಸೆಪ್ಟೆಂಬರ್‌ನಲ್ಲಿ ಅವನ ಮಂತ್ರಿ ಗಿಯೋಮ್ ದ ನೊಗಾರೆ ಸೈನಿಕರ ಜೊತೆ ಇಟಲಿಯ ಅನಾನ್ಯಿ ಊರಿಗೆ ನುಗ್ಗಿ ಪೋಪ್‌ನನ್ನೇ ಹಿಡಿದ. ಈ ಏಳು ವರ್ಷನ ಒಂದೊಂದೇ ಇಸವಿ ಇಟ್ಕೊಂಡು ಓದಿ, ಪೋಪ್‌ನ ಪತ್ರ ಒಂದು ಕಡೆ, ರಾಜನ ಕಡೆಯವರ ಉತ್ತರ ಇನ್ನೊಂದು ಕಡೆ. ಎರಡೂ ಕಡೆಯವರು ದೇವರ ಹೆಸರಲ್ಲೇ ಮಾತಾಡ್ತಾರೆ, ರಾಜನ ಕಡೆಯವ್ರು ಎಲ್ಲೆಲ್ಲಿ ಸಂತ ಲೂಯಿಯ ಹೆಸರು ತರ್ತಾರೆ ಅಂತ ಗುರುತು ಹಾಕ್ಕೊಳ್ತಾ ಹೋಗಿ.