ಬಾನೆಟ್ ಒಳಗಿನ ಹೊದಿಕೆ: ಮನೆಯಂಗಳದಲ್ಲೇ ಬದಲಿಸುವ ಬಗೆ

ಮಳೆಗಾಲ ಮುಗಿದ ಮೇಲೆ ಎಂಜಿನ್ ತಂಪಾಗಿಡುವ ದ್ರವ, ಅಂದರೆ ಕೂಲಂಟ್, ಎಷ್ಟಿದೆ ನೋಡೋಣ ಅಂತ ಬಾನೆಟ್ ಎತ್ತಿದರೆ ಬ್ಯಾಟರಿಯ ಮೇಲೊಂದು ಗೂಡು. ಬೂದು ಹತ್ತಿಯಂಥ ಎಳೆಗಳು, ನಡುವೆ ಎರಡು ಅಡಿಕೆ ಸಿಪ್ಪೆ, ಒಣಗಿ ಮುರುಟಿದ ಚಪಾತಿ ಚೂರು. ಇಲಿರಾಯ ಮೂರು ತಿಂಗಳು ಬಾಡಿಗೆಯಿಲ್ಲದೆ ಸಂಸಾರ ಹೂಡಿದ್ದ. ಹಾಸಿಗೆಗೆ ಹತ್ತಿ ಎಲ್ಲಿಂದ ತಂದ ಅಂತ ತಲೆಯೆತ್ತಿದೆ. ಬಾನೆಟ್ಟಿನ ಒಳಮೈಗೆ ಹಾಸಿದ್ದ ಕಪ್ಪು ಫೆಲ್ಟ್‌ನಲ್ಲಿ ಅಂಗೈ ಅಗಲದ ಎರಡು ತೂತು. ಹರಿದ ತುದಿ ಜೋತುಬಿದ್ದು ಎಂಜಿನ್ ಕವರ್ ಮೇಲೆ ಒರಗಿಕೊಂಡಿತ್ತು.

ಈ ಹೊದಿಕೆ ಇದೆ ಅನ್ನುವುದೇ ಎಷ್ಟೋ ಜನಕ್ಕೆ ಗೊತ್ತಿರುವುದಿಲ್ಲ. ಹರಿದಾಗಲೇ ಗಮನಕ್ಕೆ ಬರುವುದು. ಬದಲಿಸುವುದು ಕಷ್ಟದ ಕೆಲಸವಲ್ಲ, ಒಂದು ಭಾನುವಾರದ ಬೆಳಗು ಸಾಕು. ಆದರೆ ಗ್ಯಾರೇಜಿನಲ್ಲೂ ಅಂಗಡಿಯಲ್ಲೂ ಎಲ್ಲರೂ ಒಂದೇ ಮಾತು ಹೇಳುತ್ತಾರೆ: ‘ಸ್ವಲ್ಪ ದಪ್ಪದ್ದೇ ಹಾಕ್ಸಿ ಸಾರ್’. ಅದನ್ನು ಮಾತ್ರ ಕೇಳಬೇಡಿ. ಯಾಕೆ ಅಂತ ಮುಂದೆ ಹೇಳುತ್ತೇನೆ.

ಅದರ ಕೆಲಸ ಏನು?

ಎರಡು ಕೆಲಸ. ಎಂಜಿನ್ನಿನ ಬಿಸಿ ನೇರವಾಗಿ ಬಾನೆಟ್ ತಗಡಿಗೆ ಹೊಡೆದು ಮೇಲಿನ ಬಣ್ಣ ಬೇಗ ಮಂಕಾಗದಂತೆ ತಡೆಯುವುದು ಒಂದು. ಕೂಲಂಟ್ ಸಾಮಾನ್ಯವಾಗಿ 90 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿರುತ್ತದೆ, ಎಂಜಿನ್ನಿನ ಹೊಗೆ ಹೊರಹೋಗುವ ಕೊಳವೆ, ಅಂದರೆ ಎಕ್ಸಾಸ್ಟ್ ಮ್ಯಾನಿಫೋಲ್ಡ್, ಅದಕ್ಕಿಂತ ಹಲವು ಪಟ್ಟು ಬಿಸಿ. ಗಾಡಿ ಓಡುವಾಗ ಗಾಳಿ ಬಿಸಿಯನ್ನು ಒಯ್ಯುತ್ತದೆ. ಘಾಟಿ ಹತ್ತಿ ಬಂದು ಗಾಡಿ ನಿಲ್ಲಿಸಿದ ಮೊದಲ ಹತ್ತು ಹದಿನೈದು ನಿಮಿಷವೇ ತಗಡಿಗೆ ಹೆಚ್ಚು ಕಾವು ತಗಲುವ ಹೊತ್ತು.

ಎರಡನೆಯದು ಶಬ್ದ. ಇಲ್ಲಿ ಕೊಂಚ ಲೆಕ್ಕ ಬೇಕು. ಶಬ್ದ ಗಾಳಿಯಲ್ಲಿ ಸೆಕೆಂಡಿಗೆ ಸುಮಾರು 340 ಮೀಟರ್ ಸಾಗುತ್ತದೆ. 100 ಹರ್ಟ್ಸ್‌ನ, ಅಂದರೆ ಸೆಕೆಂಡಿಗೆ 100 ಸಲ ಕಂಪಿಸುವ, ಗುಂಯ್‌ಗುಡುವ ದನಿಯ ಒಂದು ಅಲೆಯ ಉದ್ದ 3.4 ಮೀಟರ್. ಡೀಸೆಲ್ ಎಂಜಿನ್ನಿನ ಕಟಕಟದಲ್ಲಿರುವ 3,400 ಹರ್ಟ್ಸ್‌ನಷ್ಟು ಚುರುಕಾದ ದನಿಯ ಅಲೆ ಬರೀ 10 ಸೆಂಟಿಮೀಟರ್. ಒಂದು ಸೆಂಟಿಮೀಟರ್ ದಪ್ಪದ ಮೆತ್ತನೆ ಹಾಸು ಈ ಪುಟ್ಟ ಅಲೆಗಳನ್ನು ನುಂಗಬಲ್ಲದು, ಆ ಮಾರುದ್ದದ ಅಲೆಯ ಗೊಡವೆಗೇ ಹೋಗುವುದಿಲ್ಲ. ಹೊಸ ಹೊದಿಕೆ ಹಾಕಿದ ಮೇಲೆ ಕಿವಿಗೆ ಚುಚ್ಚುವ ಕಟಕಟ ಮೆತ್ತಗಾಗುತ್ತದೆ, ಗುಂಯ್ ಅನ್ನುವುದು ಇದ್ದಂತೆಯೇ ಇರುತ್ತದೆ. ಕಾರು ದೇವಸ್ಥಾನದ ಗರ್ಭಗುಡಿಯಂತೆ ನಿಶ್ಶಬ್ದವಾಗುತ್ತದೆ ಅಂತ ಯಾರಾದರೂ ಹೇಳಿದರೆ ನಕ್ಕು ಸುಮ್ಮನಾಗಿ. ಎಸಿ ಚೆನ್ನಾಗಿ ತಂಪಾಗುತ್ತದೆ, ಮೈಲೇಜ್ ಏರುತ್ತದೆ ಎನ್ನುವವರೂ ಇದ್ದಾರೆ. ಎಸಿಯ ತಂಪು ಹುಟ್ಟುವುದು ಡ್ಯಾಶ್‌ಬೋರ್ಡ್ ಹಿಂದೆ, ಬಾನೆಟ್ಟಿನ ಕೆಳಗಲ್ಲ.

ಬದಲಿಸಲೇಬೇಕೆ?

ಬಣ್ಣ ಮಾಸಿದೆ, ಅಲ್ಲಲ್ಲಿ ದೂಳು ಕೂತಿದೆ ಎಂದಷ್ಟೇ ಆದರೆ ಬೇಡ. ಬೆರಳಿನಿಂದ ಒತ್ತಿ ನೋಡಿ: ಪುಡಿ ಉದುರಿದರೆ, ಜೋತುಬಿದ್ದಿದ್ದರೆ, ಎಂಜಿನ್ ಆಯಿಲ್ ಕುಡಿದು ಜಿಡ್ಡಾಗಿದ್ದರೆ ತೆಗೆಯಿರಿ. ಜಿಡ್ಡು ಹೀರಿದ ಫೆಲ್ಟ್ ದೀಪದ ಬತ್ತಿಯಿದ್ದಂತೆ. ಆಯಿಲ್ ಎಲ್ಲಿಂದ ಚಿಮ್ಮುತ್ತಿದೆ ಎಂದು ಪತ್ತೆಮಾಡಿ ಅದನ್ನು ಮೊದಲು ಸರಿಪಡಿಸಿ. ಉದುರಿದ ಎಳೆಗಳು ಏರ್ ಫಿಲ್ಟರ್ ಬಾಯಿಗೂ ಸೇರುತ್ತವೆ, ಅದನ್ನೂ ತೆಗೆದು ನೋಡಿ.

ಎಷ್ಟೋ ಸಣ್ಣ ಪೆಟ್ರೋಲ್ ಕಾರುಗಳಿಗೆ ಈ ಹೊದಿಕೆ ಕಂಪನಿಯಿಂದಲೇ ಬಂದಿರುವುದಿಲ್ಲ. ಬಾನೆಟ್ ಒಳಚೌಕಟ್ಟಿನಲ್ಲಿ ಸಾಲಾಗಿ ಖಾಲಿ ತೂತುಗಳಿದ್ದರೆ ಅದೇ ಕಾರಿನ ದುಬಾರಿ ಮಾದರಿಗೋ ಡೀಸೆಲ್ ಮಾದರಿಗೋ ಹೊದಿಕೆ ಇರಬಹುದು. ಸ್ಪೇರ್ಸ್ ಅಂಗಡಿಯಲ್ಲಿ ಕೇಳಿ. ತೂತೇ ಇಲ್ಲದಿದ್ದರೆ ನನ್ನ ಸಲಹೆ: ಬಿಟ್ಟುಬಿಡಿ.

ಯಾವುದನ್ನು ತರುವುದು?

ಆಯಾ ಕಾರಿಗೆಂದೇ ಅಚ್ಚುಹಾಕಿದ ಹೊದಿಕೆ ಸಿಕ್ಕರೆ ಬೇರೆ ಯೋಚನೆ ಬೇಡ. ಆರ್‌ಸಿಯಲ್ಲಿರುವ ಚಾಸಿ ನಂಬರ್ ಕೊಡಿ. ಈಗಿನ ಕಾರುಗಳಿಗೆ ಅದು 17 ಅಕ್ಷರ-ಅಂಕಿಗಳದ್ದು, ಸರಿಯಾದ ಪಾರ್ಟ್ ನಂಬರ್ ಅದರಿಂದಲೇ ಸಿಗುತ್ತದೆ. ಬೆಂಗಳೂರಿನವರಿಗೆ ಬಿಡಿಭಾಗದ ಅಂಗಡಿಗಳ ಜೆ.ಸಿ. ರಸ್ತೆ ಇದ್ದೇ ಇದೆ. ಹೋಗುವಾಗ ಹೊದಿಕೆಯನ್ನು ಬಾನೆಟ್ಟಿಗೆ ಹಿಡಿದಿಡುವ ಹಳೆಯ ಕ್ಲಿಪ್ ಒಂದನ್ನು ಜೇಬಿಗೆ ಹಾಕಿಕೊಳ್ಳಿ. ಹೊದಿಕೆ ಸಿಕ್ಕಿ ಕ್ಲಿಪ್ ಸಿಗದೆ ಎರಡನೇ ಸಲ ಬಸ್ ಹತ್ತಿದವನ ಮಾತಿದು.

ಹಳೆಯ ಮಾದರಿಗೆ ಅಚ್ಚಿನದು ಸಿಗದಿದ್ದರೆ ಶೀಟ್ ತಂದು ಕತ್ತರಿಸಬೇಕು. ಒಂದು ಮಗ್ಗುಲಿಗೆ ಅಲ್ಯುಮಿನಿಯಂ ಹಾಳೆ ಇರುವ ಗ್ಲಾಸ್ ಫೈಬರ್ ಫೆಲ್ಟ್ ಅಥವಾ ಬೆಂಕಿ ಹಿಡಿಯದ ಮೆಲಮೈನ್ ಫೋಮ್ ಒಳ್ಳೆಯದು. ಹೊಳೆಯುವ ಮೈ ಎಂಜಿನ್ ಕಡೆಗಿರಬೇಕು, ಸೂಸುವ ಬಿಸಿಯನ್ನು ಹಿಂದಕ್ಕೆ ಅಟ್ಟುವುದು ಅದೇ. ಫರ್ನಿಚರ್ ಅಂಗಡಿಯ ಸೋಫಾ ಫೋಮ್, ಥರ್ಮೋಕೋಲ್, ಹಳೆಯ ಯೋಗಾ ಮ್ಯಾಟ್ — ಮೂರನ್ನೂ ಜನ ಹಾಕಿದ್ದನ್ನು ನೋಡಿದ್ದೇನೆ, ಮೂರೂ ಬೆಂಕಿಗೆ ಆಹ್ವಾನ. ಬಾಗಿಲ ಒಳಗೆ ಅಂಟಿಸುವ ಡಾಂಬರ್ ಶೀಟ್ ಇಲ್ಲಿಗೆ ಬೇಡ, ಕಾವಿಗೆ ಮೆತ್ತಗಾಗಿ ಜಾರುತ್ತದೆ. ರಬ್ಬರಿನಂಥ ಬ್ಯೂಟೈಲ್ ಶೀಟ್ ಚದರ ಮೀಟರಿಗೆ ಮೂರು ಕಿಲೋ ಮೀರಿ ತೂಗುತ್ತದೆ. ಗ್ಯಾಸ್ ಸ್ಟ್ರಟ್ (ಬಾನೆಟ್ಟನ್ನು ಮೇಲೆತ್ತಿ ಹಿಡಿಯುವ, ಅನಿಲ ತುಂಬಿದ ಕೊಳವೆ) ಇರುವ ಬಾನೆಟ್ ಆ ಭಾರಕ್ಕೆ ಮೆಲ್ಲಗೆ ತಲೆಯ ಮೇಲೆ ಇಳಿದೀತು.

ಕೊಳ್ಳುವ ಮುಂಚೆ ಬೆರಳುದ್ದದ ತುಣುಕು ಕೇಳಿ ಪಡೆಯಿರಿ. ಬಯಲಿನಲ್ಲಿ, ಕಾರಿನಿಂದ ದೂರ, ಇಕ್ಕಳದಲ್ಲಿ ಹಿಡಿದು ಲೈಟರ್ ತಾಗಿಸಿ. ಲೈಟರ್ ತೆಗೆದ ಕೂಡಲೇ ಉರಿ ಆರಬೇಕು. ಉರಿಯುತ್ತಲೇ ಹೋದರೆ, ಕರಗಿ ತೊಟ್ಟಿಕ್ಕಿದರೆ, ಆ ಅಂಗಡಿಗೆ ನಮಸ್ಕಾರ ಹೇಳಿ.

ಹಳೆಯದನ್ನು ತೆಗೆಯುವುದು

ರಾತ್ರಿಯಿಡೀ ತಣ್ಣಗಾದ ಗಾಡಿಯಲ್ಲೇ ಕೆಲಸ ಮಾಡಿ. ಕೀಲಿ ತೆಗೆದು ಮನೆಯೊಳಗಿಡಿ, ಕೆಲವು ಕಾರುಗಳಲ್ಲಿ ಎಂಜಿನ್ ಬಂದ್ ಆದ ಮೇಲೂ ರೇಡಿಯೇಟರ್ ಫ್ಯಾನ್ ತಟ್ಟನೆ ತಿರುಗುತ್ತದೆ. ಬ್ಯಾಟರಿಯ ಮೈನಸ್ ವೈರ್ ಬಿಚ್ಚಿ. ಹೈಬ್ರಿಡ್ ಅಥವಾ ಎಲೆಕ್ಟ್ರಿಕ್ ಗಾಡಿಯಾದರೆ ಹೈ ವೋಲ್ಟೇಜ್ ಹರಿಯುವ ಕಿತ್ತಳೆ ಬಣ್ಣದ ಕೇಬಲ್‌ಗಳ ಹತ್ತಿರ ಕೈ ಸುಳಿಯಬಾರದು. ಎಂಜಿನ್ ಮೇಲೆ ಹಳೆಯ ಬೆಡ್‌ಶೀಟ್ ಹೊದಿಸಿ, ಇಲ್ಲದಿದ್ದರೆ ಮುರಿದ ಕ್ಲಿಪ್ಪಿನ ಚೂರು ಎಲ್ಲಿ ಬಿತ್ತು ಅಂತ ಟಾರ್ಚ್ ಹಿಡಿದು ಅರ್ಧ ಗಂಟೆ ಹುಡುಕಬೇಕು.

ತುಂಬು ತೋಳಿನ ಅಂಗಿ, ಗ್ಲೌಸ್, ಮಾಸ್ಕ್, ಕನ್ನಡಕ. ಗ್ಲಾಸ್ ಫೈಬರ್ ಎಳೆ ಚರ್ಮಕ್ಕೆ ಚುಚ್ಚಿದರೆ ಸಂಜೆವರೆಗೂ ತುರಿಕೆ. ಉಜ್ಜದೆ ತಣ್ಣೀರಿನಲ್ಲಿ ತೊಳೆಯಿರಿ. ಇಲಿ ಗೂಡು ಇದ್ದರಂತೂ ಗ್ಲೌಸ್ ಬಿಟ್ಟು ಮುಟ್ಟಲೇಬೇಡಿ. ಇಲಿ ಜ್ವರ, ಅಂದರೆ ಲೆಪ್ಟೊಸ್ಪೈರೋಸಿಸ್, ಹರಡುವುದು ಇಲಿಯ ಮೂತ್ರದಿಂದ. ಕೈಯಲ್ಲಿ ಒಂದು ಸಣ್ಣ ಗೀರಿದ್ದರೂ ಸಾಕು. ಮಲೆನಾಡಿನವರಿಗೂ ಕರಾವಳಿಯವರಿಗೂ ಇದನ್ನು ಹೊಸದಾಗಿ ಹೇಳಬೇಕಿಲ್ಲ. ಒಂದು ಪಾಲು ಬ್ಲೀಚ್ ದ್ರಾವಣಕ್ಕೆ ಹತ್ತು ಪಾಲು ನೀರು ಬೆರೆಸಿ ಗೂಡಿನ ಮೇಲೆ ಮೆಲ್ಲಗೆ ಸುರಿಯಿರಿ, ವೈರ್ ಜೋಡಣೆಗಳ ಮೇಲೆ ಬೀಳದಿರಲಿ. ಹತ್ತು ನಿಮಿಷ ನೆನೆಯಲು ಬಿಟ್ಟು ಎತ್ತಿ ಚೀಲಕ್ಕೆ ಹಾಕಿ. ಒಣ ಗೂಡನ್ನು ಗುಡಿಸುವುದು, ಬ್ಲೋವರ್ ಹಿಡಿಯುವುದು ಬೇಡ. ಆಮೇಲೆ ಒದ್ದೆ ಬಟ್ಟೆಯಲ್ಲಿ ಎರಡು ಸಲ ಒರೆಸಿ, ಬ್ಲೀಚ್ ಉಳಿದರೆ ಅಲ್ಯುಮಿನಿಯಂ ಭಾಗಗಳನ್ನು ತಿನ್ನುತ್ತದೆ. ವೈರಿಂಗ್ ಕಡಿದಿದೆಯೇ ಅಂತ ನೋಡಲೂ ಇದೇ ಸರಿಯಾದ ಹೊತ್ತು.

ಕ್ಲಿಪ್ ಎರಡು ಬಗೆ. ನಡುವೆ ಗುಂಡಿಯಂಥ ಪಿನ್ ಇದ್ದರೆ ಮೊದಲು ಪಿನ್ ಎಬ್ಬಿಸಿ, ಆಮೇಲೆ ಕ್ಲಿಪ್ ತಾನಾಗಿ ಬರುತ್ತದೆ. ಮೀನಿನ ಮುಳ್ಳಿನಂತೆ ಹಲ್ಲುಗಳಿರುವುದಾದರೆ ಕವೆಗೋಲಿನಂಥ ಟ್ರಿಮ್ ಟೂಲ್ ತೂರಿಸಿ ನೇರವಾಗಿ ಎಳೆಯಬೇಕು. ಟೂಲ್ ಇಲ್ಲವೇ? ಎರಡು ಚಪ್ಪಟೆ ಸ್ಕ್ರೂ ಡ್ರೈವರ್‌ಗೆ ಬಟ್ಟೆ ಸುತ್ತಿ ಎದುರುಬದುರಾಗಿ ಮೀಟಿ. ಹೆಬ್ಬೆರಳಿನ ಒತ್ತಡ ಮೇಲ್ಮುಖವಾಗಿ ಬೇಡ, ಒಳಗಿನಿಂದ ಒತ್ತಿದರೆ ಬಾನೆಟ್ಟಿನ ಹೊರಮೈಯಲ್ಲಿ ಗುಳ್ಳೆ ಏಳುತ್ತದೆ. ಹತ್ತು ವರ್ಷ ಕಾವು ತಿಂದ ಪ್ಲಾಸ್ಟಿಕ್ ಹಪ್ಪಳದಂತಾಗಿರುತ್ತದೆ, ಹತ್ತರಲ್ಲಿ ಮೂರ್ನಾಲ್ಕು ಮುರಿದರೆ ಬೇಸರ ಪಡಬೇಡಿ. ವೈಪರ್ ನೀರಿನ ಸಣ್ಣ ಕೊಳವೆ ಹೊದಿಕೆಯ ಹಿಂದೆ ಹೋಗಿದ್ದರೆ ಅದು ಯಾವ ದಾರಿಯಲ್ಲಿತ್ತು ಎಂದು ಮೊಬೈಲಿನಲ್ಲಿ ಒಂದು ಫೋಟೊ ತೆಗೆದುಕೊಳ್ಳಿ.

ಅಂಟಿಸಿದ್ದ ಹೊದಿಕೆಯಾದರೆ ತಾಳ್ಮೆ ಬೇಕು. ಹೇರ್ ಡ್ರೈಯರ್‌ನಿಂದ ಗೋಂದು ಬೆಚ್ಚಗೆ ಮಾಡಿ, ಹಳೆಯ ಎಟಿಎಂ ಕಾರ್ಡಿನಿಂದ ಕೆರೆಯಿರಿ. ಬ್ಲೇಡ್ ಬಳಸಿದರೆ ಒಳಬಣ್ಣ ಹೋಗಿ ತುಕ್ಕಿಗೆ ದಾರಿಯಾಗುತ್ತದೆ. ಉಳಿದ ಜಿಡ್ಡಿಗೆ ಐಸೊಪ್ರೊಪೈಲ್ ಆಲ್ಕೋಹಾಲ್ ಬಟ್ಟೆಗೆ ಹಚ್ಚಿ ಒರೆಸಿ. ಪೆಟ್ರೋಲ್ ಮಾತ್ರ ಕೂಡದು. ಬಾನೆಟ್ಟಿನ ಮುಂಚೂಣಿ ಅಂಚಿನಲ್ಲಿ ನೀರು ಇಳಿಯಲು ಬಿಟ್ಟಿರುವ ಸಣ್ಣ ಸಂದುಗಳನ್ನೂ ಕಡ್ಡಿಯಿಂದ ಬಿಡಿಸಿ.

ಹಿಟ್ಟಿನ ಉಂಡೆಯ ಪರೀಕ್ಷೆ

‘ದಪ್ಪದ್ದು ಹಾಕ್ಸಿ’ ಎನ್ನುವವರಿಗೆ ಉತ್ತರ ಇಲ್ಲಿದೆ. ಚಪಾತಿ ಹಿಟ್ಟನ್ನು ಗಟ್ಟಿಯಾಗಿ ನಾದಿ, ನಿಂಬೆಗಿಂತ ಕೊಂಚ ದೊಡ್ಡ ಐದಾರು ಉಂಡೆ ಮಾಡಿ ಪ್ಲಾಸ್ಟಿಕ್ ಹಾಳೆಯಲ್ಲಿ ಸುತ್ತಿ. ಬೆಡ್‌ಶೀಟ್ ತೆಗೆದು ಎಂಜಿನ್ ಕವರ್‌ನ ಎತ್ತರದ ಜಾಗ, ಏರ್ ಫಿಲ್ಟರ್ ಪೆಟ್ಟಿಗೆ, ಆಯಿಲ್ ಮುಚ್ಚಳ, ಬ್ಯಾಟರಿಯ ಪ್ಲಸ್ ತುದಿಯ ಮುಚ್ಚಳ, ಇವುಗಳ ಮೇಲೆ ಒಂದೊಂದು ಇಡಿ. ಹೊದಿಕೆಯಿಲ್ಲದ ಬಾನೆಟ್ಟನ್ನು ಮೆಲ್ಲಗೆ ಪೂರ್ತಿ ಮುಚ್ಚಿ, ತೆರೆಯಿರಿ. ಚಪ್ಪಟೆಯಾದ ಉಂಡೆಯನ್ನು ಸ್ಕೇಲಿನಲ್ಲಿ ಅಳೆಯಿರಿ. ಅಲ್ಲಿರುವ ಜಾಗ ಅಷ್ಟೇ.

ನನ್ನ ಗಾಡಿಯಲ್ಲಿ ಫಿಲ್ಟರ್ ಪೆಟ್ಟಿಗೆಯ ಮೇಲೆ 31 ಮಿಲಿಮೀಟರ್ ಬಂತು, ಬ್ಯಾಟರಿಯ ಮೇಲೆ ಬರೀ 22. ಎಂಜಿನ್ ತನ್ನ ರಬ್ಬರ್ ಮೌಂಟಿಂಗ್‌ಗಳ ಮೇಲೆ ಕೂತು ಸದಾ ತೂಗಾಡುತ್ತಿರುತ್ತದೆ, ಹಾಗಾಗಿ ಹೊದಿಕೆ ಹಾಕಿದ ಮೇಲೂ ಒಂದು ಸೆಂಟಿಮೀಟರ್ ಗಾಳಿ ಉಳಿಯಲಿ ಎನ್ನುವುದು ನಾನು ಇಟ್ಟುಕೊಂಡ ಲೆಕ್ಕ. 22ರಲ್ಲಿ 10 ಕಳೆದರೆ 12 ಮಿಲಿಮೀಟರ್. ಅಂಗಡಿಯವನು ಹೊಗಳಿದ 25 ಮಿಲಿಮೀಟರ್ ಹಾಸು ಹಾಕಿದ್ದರೆ ಅದರ ಅಲ್ಯುಮಿನಿಯಂ ಮೈ ಬ್ಯಾಟರಿಯ ಮೇಲೆ ಕೂತಿರುತ್ತಿತ್ತು. ಪ್ಲಸ್ ತುದಿಯ ಮುಚ್ಚಳ ಸರಿದ ದಿನ ಆ ಹಾಳೆಯೇ ಬಾನೆಟ್‌ಗೂ ಬ್ಯಾಟರಿಗೂ ತಂತಿಯಾಗಿ ಶಾರ್ಟ್ ಸರ್ಕ್ಯೂಟ್ ಆಗುತ್ತಿತ್ತು. ಇನ್ನೊಂದು ಮಾತು: ಬಾನೆಟ್ ಮತ್ತು ಎಂಜಿನ್ ನಡುವಿನ ಆ ಖಾಲಿ ಜಾಗವನ್ನು ಕಂಪನಿಯವರು ಸುಮ್ಮನೆ ಬಿಟ್ಟಿರುವುದಿಲ್ಲ. ಪಾದಚಾರಿಯ ತಲೆ ಬಡಿದರೆ ತಗಡು ತಗ್ಗಿ ಪೆಟ್ಟು ಕಡಿಮೆಯಾಗಲಿ ಎನ್ನುವ ಉದ್ದೇಶವೂ ಅದರಲ್ಲಿದೆ.

ಹೊಸದನ್ನು ಕೂರಿಸುವುದು

ಅಚ್ಚಿನ ಹೊದಿಕೆಯಾದರೆ ಇದು ಹತ್ತು ನಿಮಿಷದ ಕೆಲಸ. ಒಬ್ಬರು ಎರಡೂ ಕೈಯಲ್ಲಿ ಎತ್ತಿ ಹಿಡಿಯಲಿ. ನಡುವಿನ ತೂತಿಗೆ ಮೊದಲ ಕ್ಲಿಪ್, ಆಮೇಲೆ ಗಾಜಿನ ಕಡೆಯ ಎರಡು ಮೂಲೆ, ಕೊನೆಗೆ ಅಂಚುಗಳು. ‘ಟಕ್’ ಎಂದು ಕೇಳಿಸಬೇಕು. ಬಾನೆಟ್ ಲಾಕ್, ಸಪೋರ್ಟ್ ರಾಡ್ ಸಿಕ್ಕಿಸುವ ಜಾಗ, ನೀರಿನ ಕೊಳವೆ, ಯಾವುದೂ ಹೊದಿಕೆಯ ಅಡಿ ಸಿಕ್ಕಿಕೊಂಡಿರಬಾರದು.

ಶೀಟ್ ಕತ್ತರಿಸುವವರು ಹಳೆಯ ಹೊದಿಕೆಯನ್ನು ನ್ಯೂಸ್ ಪೇಪರ್ ಮೇಲೆ ಹರಡಿ ಗೆರೆ ಎಳೆದು ಮಾದರಿ ಮಾಡಿಕೊಳ್ಳಿ. (ಈ ಪುರವಣಿಯನ್ನೇ ಬಳಸಿದರೂ ಅಡ್ಡಿಯಿಲ್ಲ, ಓದಿ ಮುಗಿಸಿದ ಮೇಲೆ.) ಕತ್ತರಿಸಿದ ಅಂಚಿನಿಂದ ಎಳೆ ಬಿಡದಂತೆ ಸುತ್ತಲೂ ಅಲ್ಯುಮಿನಿಯಂ ಟೇಪ್ ಮಡಿಚಿ ಅಂಟಿಸಿ. ಫೆಲ್ಟ್‌ಗೆ ನೀರು ನುಗ್ಗುವುದೂ ಆ ಅಂಚಿನಿಂದಲೇ. ಗೋಂದು ಬೇಕಾದರೆ ಡಬ್ಬಿಯ ಮೇಲೆ ಎಷ್ಟು ಡಿಗ್ರಿ ತಡೆಯುತ್ತದೆ ಎಂದು ಬರೆದಿರುವುದನ್ನು ಓದಿ, ನೂರಕ್ಕಿಂತ ಕಡಿಮೆಯಿದ್ದರೆ ಬಿಟ್ಟು ಬೇರೆ ಕೇಳಿ. ಎರಡೂ ಮೈಗೆ ತೆಳುವಾಗಿ ಹಚ್ಚಿ, ಬೆರಳಿಗೆ ಅಂಟದಷ್ಟು ಒಣಗುವವರೆಗೆ ಕಾಯ್ದು, ನಡುವಿನಿಂದ ಹೊರಕ್ಕೆ ಒತ್ತುತ್ತಾ ಬನ್ನಿ. ಒಮ್ಮೆ ತಾಗಿದರೆ ಸರಿಸಲು ಬಾರದು. ಗೋಂದಿದ್ದರೂ ನಾಲ್ಕು ಮೂಲೆಗೆ ಕ್ಲಿಪ್ ಇರಲಿ, ಕಾವಿಗೆ ಅಂಟು ಬಿಟ್ಟ ದಿನ ಹಾಸು ಫ್ಯಾನ್ ಬೆಲ್ಟಿನ ಮೇಲೆ ಬೀಳುವುದಿಲ್ಲ. ಗಾಡಿಯನ್ನು ಮರುದಿನದವರೆಗೆ ಹೊರಡಿಸಬೇಡಿ.

ಇನ್ನು ಮುಂದೆ ಗ್ಯಾರೇಜಿನಲ್ಲಿ ವಾಟರ್ ಸರ್ವಿಸ್ ಮಾಡಿಸುವಾಗ ಒಂದು ಮಾತು ಹೇಳಿ, ಬಾನೆಟ್ ಒಳಗೆ ಪ್ರೆಶರ್ ಪೈಪ್ ಹಿಡಿಯದಿರಲಿ. ನೀರು ಕುಡಿದ ಫೆಲ್ಟ್ ದಿನಗಟ್ಟಲೆ ಒಣಗುವುದಿಲ್ಲ, ಅದರ ಹಿಂದೆ ತಗಡು ತುಕ್ಕು ಹಿಡಿಯುತ್ತದೆ. ಉಪ್ಪುಗಾಳಿಯ ಊರಿನಲ್ಲಂತೂ ಇನ್ನೂ ಬೇಗ.

ಕೊನೆಯದಾಗಿ, ಎಲ್ಲೂ ತಾಗುತ್ತಿಲ್ಲವೇ ಎಂದು ತಿಳಿಯಲು ಎಂಜಿನ್ ಮೇಲಿನ ಎತ್ತರದ ಭಾಗಗಳಿಗೆ ಮುಖಕ್ಕೆ ಹಚ್ಚುವ ಪೌಡರ್ ಚಿಟಿಕೆ ಸವರಿ, ಉಬ್ಬುತಗ್ಗಿನ ರಸ್ತೆಯಲ್ಲಿ ಹತ್ತು ಕಿಲೋಮೀಟರ್ ಸುತ್ತಿ ಬನ್ನಿ. ತಾಗಿದ್ದರೆ ಹೊದಿಕೆಯ ಮೇಲೆ ಬಿಳಿ ಗುರುತು ಬಿದ್ದಿರುತ್ತದೆ. ನಾನು ಸುತ್ತಿ ಬಂದು ಬಾನೆಟ್ ಎತ್ತಿದಾಗ ಒಂದೇ ಒಂದು ಬಿಳಿ ಮಚ್ಚೆ ಕಂಡಿತು, 31 ಮಿಲಿಮೀಟರ್ ಜಾಗವಿದ್ದ ಫಿಲ್ಟರ್ ಪೆಟ್ಟಿಗೆಯ ಎದುರಿಗೇ. ಲೆಕ್ಕ ತಪ್ಪಿತೇ ಅಂತ ಮತ್ತೆ ಹಿಟ್ಟು ನಾದಲು ಹೊರಟಿದ್ದೆ. ನೋಡಿದರೆ ಎಳೆ ಸೇರಿದೆಯೇ ಎಂದು ಬೆಳಿಗ್ಗೆ ತೆರೆದಿದ್ದ ಆ ಪೆಟ್ಟಿಗೆಗೆ ಲಾಕ್ ಹಾಕುವುದನ್ನೇ ಮರೆತಿದ್ದೆ.