ಜರ್ಮನಿಯ ಹಳೆಯ ನಟರೊಬ್ಬರ ವೃತ್ತಿಜೀವನವನ್ನು ಹುಡುಕಿ ಬರೆಯುವ ಬಗೆ

ಅಷ್ಟಾಗಿ ಪ್ರಸಿದ್ಧರಲ್ಲದ ಜರ್ಮನ್ ನಟರೊಬ್ಬರ ಬಗ್ಗೆ ಬರೆಯಹೊರಟವರು ಸಾಮಾನ್ಯವಾಗಿ ಚಲನಚಿತ್ರಗಳ ಪಟ್ಟಿಯಿಂದಲೇ ತೊಡಗುತ್ತಾರೆ. ನನ್ನ ಅಭಿಪ್ರಾಯದಲ್ಲಿ ಮೊದಲು ನೋಡಬೇಕಾದದ್ದು ರಂಗಭೂಮಿಯನ್ನು. 1922ರ ‘ನೊಸ್ಫೆರಾಟು’ ಚಿತ್ರದಲ್ಲಿ ರಕ್ತಪಿಶಾಚಿಯ ಪಾತ್ರ ವಹಿಸಿದ ಮ್ಯಾಕ್ಸ್ ಶ್ರೆಕ್ ಅವರ ಉದಾಹರಣೆಯನ್ನು ತೆಗೆದುಕೊಳ್ಳಬಹುದು. ‘ಶ್ರೆಕ್’ ಎಂದರೆ ಜರ್ಮನ್ ಭಾಷೆಯಲ್ಲಿ ಭೀತಿ. ಆದ್ದರಿಂದ ಅದು ಚಿತ್ರಕ್ಕಾಗಿ ಇಟ್ಟುಕೊಂಡ ಹೆಸರೆಂಬ ವದಂತಿ ಹಬ್ಬಿತ್ತು. ಆದರೆ ಅದು ಅವರ ನಿಜವಾದ ಹೆಸರೇ ಆಗಿತ್ತು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಮ್ಯೂನಿಕ್‌ನ ಕಾಮರ್‌ಸ್ಪೀಲೆ ರಂಗಮಂದಿರದಲ್ಲಿ ಬ್ರೆಕ್ಟ್ ಅವರ ನಾಟಕವೊಂದು ಮೊದಲ ಬಾರಿಗೆ ಪ್ರದರ್ಶನಗೊಂಡಾಗಲೂ ಅವರು ಪಾತ್ರಧಾರಿಯಾಗಿದ್ದರು. ಚಿತ್ರಗಳ ಪಟ್ಟಿಯನ್ನಷ್ಟೇ ಓದಿದವರಿಗೆ ಈ ನಟ ಸಿಗುವುದೇ ಇಲ್ಲ.

ರಂಗಭೂಮಿಯ ಹುಡುಕಾಟಕ್ಕೆ ಮುಖ್ಯ ಆಧಾರವೆಂದರೆ ರಂಗಕಲಾವಿದರ ಸಂಘವು ಹೊರತರುತ್ತಿದ್ದ ‘ಡಾಯ್ಚೆಸ್ ಬ್ಯೂನೆನ್ ಯಾರ್‌ಬುಕ್’ ಎಂಬ ವಾರ್ಷಿಕ ಗ್ರಂಥ. ಊರಿನ ಹೆಸರು, ಅದರ ಕೆಳಗೆ ರಂಗಮಂದಿರ, ನಿರ್ದೇಶಕರು, ಬಳಿಕ ಒತ್ತೊತ್ತಾಗಿ ಅಚ್ಚಾದ ನಟನಟಿಯರ ಹೆಸರುಗಳು: ಪ್ರತಿ ಪುಟವೂ ಹೀಗೆಯೇ ಇರುತ್ತದೆ. ಒಂದೊಂದೇ ವರ್ಷದ ಸಂಪುಟವನ್ನು ತೆರೆದು, ನಿಮ್ಮ ನಟ ಯಾವ ಊರಿನಿಂದ ಯಾವ ಊರಿಗೆ ಹೋದರೆಂದು ಗುರುತು ಹಾಕಿಕೊಳ್ಳಿ. ಜರ್ಮನ್ ರಂಗಭೂಮಿಯ ಪ್ರದರ್ಶನ ವರ್ಷವು ಶರತ್ಕಾಲದಲ್ಲಿ ಆರಂಭವಾಗಿ ಮುಂದಿನ ಬೇಸಿಗೆಯಲ್ಲಿ ಮುಗಿಯುವುದರಿಂದ, ಒಂದೇ ಇಸವಿಯನ್ನು ಬರೆಯದೆ ‘1921–22’ ಎಂಬಂತೆ ಬರೆಯುವುದು ಸುರಕ್ಷಿತ.

ಪಾತ್ರಗಳ ವಿವರಕ್ಕೆ ಅಂದಿನ ಪತ್ರಿಕೆಗಳ ವಿಮರ್ಶೆಗಳನ್ನು ಓದಬೇಕು. ಡಿಜಿಟಲ್ ರೂಪದ ಹಳೆಯ ಪತ್ರಿಕೆಗಳಲ್ಲಿ ಹೆಸರು ಸಿಗದಿದ್ದರೆ ಕೂಡಲೇ ಕೈಬಿಡಬೇಡಿ. ಆಗ ಜರ್ಮನ್ ಮುದ್ರಣದಲ್ಲಿ ಬಳಸುತ್ತಿದ್ದ ಫ್ರಾಕ್ಟೂರ್ ಎಂಬ ಅಕ್ಷರಶೈಲಿಯಲ್ಲಿ ಉದ್ದನೆಯ ‘ಎಸ್’ ಅಕ್ಷರವು ‘ಎಫ್’ನಂತೆಯೇ ಕಾಣುವುದರಿಂದ ಯಂತ್ರವು ಎಷ್ಟೋ ಹೆಸರುಗಳನ್ನು ತಪ್ಪಾಗಿ ಓದಿರುತ್ತದೆ, ತಪ್ಪು ಕಾಗುಣಿತದಲ್ಲೂ ಒಮ್ಮೆ ಹುಡುಕಿ ನೋಡಿ.

ಚಿತ್ರಗಳ ವಿವರಕ್ಕೆ ‘ಫಿಲ್ಮ್‌ಪೋರ್ಟಲ್’ ಜಾಲತಾಣ ಸಾಕಷ್ಟು ನೆರವಾಗುತ್ತದೆ. ಮೂಕಿಚಿತ್ರಗಳಲ್ಲಿ ಬಹಳಷ್ಟು ನಾಶವಾಗಿರುವುದರಿಂದ, ಚಿತ್ರಮಂದಿರಗಳಲ್ಲಿ ಮಾರುತ್ತಿದ್ದ ‘ಇಲ್ಲುಸ್ಟ್ರೀರ್ಟರ್ ಫಿಲ್ಮ್ ಕೂರಿಯರ್’ ಪುಸ್ತಿಕೆಗಳಲ್ಲಿ ಅಚ್ಚಾದ ತಾರಾಗಣದ ಪಟ್ಟಿಯನ್ನೂ ಹೋಲಿಸಿ ನೋಡಬೇಕು.

ಅತ್ಯಂತ ಎಚ್ಚರಿಕೆ ಬೇಕಾದದ್ದು 1933ರ ನಂತರದ ವರ್ಷಗಳ ವಿಷಯದಲ್ಲಿ. ಆ ವರ್ಷ ನಾಜಿ ಸರ್ಕಾರ ಕಲಾಕ್ಷೇತ್ರದ ನಿಯಂತ್ರಣಕ್ಕಾಗಿ ಸ್ಥಾಪಿಸಿದ ರೈಖ್ಸ್‌ಕುಲ್ಟೂರ್‌ಕಾಮರ್ ಸಂಸ್ಥೆಯ ಸದಸ್ಯತ್ವವಿಲ್ಲದೆ ನಾಟಕದಲ್ಲಾಗಲಿ ಚಿತ್ರದಲ್ಲಾಗಲಿ ಕೆಲಸ ಮಾಡುವಂತಿರಲಿಲ್ಲ, ಮತ್ತು ಯಹೂದಿ ಕಲಾವಿದರನ್ನು ಅದರಿಂದ ಹೊರಗಿಡಲಾಯಿತು. ಹೀಗಿರುವಾಗ, ಹೆಸರು ಹಠಾತ್ತನೆ ಕಾಣೆಯಾದ ನಟರನ್ನು ‘ನಿವೃತ್ತರಾದರು’ ಎಂದು ಬರೆಯುವುದು ಅವರಿಗೆ ಮಾಡುವ ಎರಡನೆಯ ಅನ್ಯಾಯ. ಅಂಥವರ ಹೆಸರನ್ನು ವಿಯೆನ್ನಾ, ಪ್ರಾಗ್‌ನ ಪತ್ರಿಕೆಗಳಲ್ಲಿಯೂ, ದೇಶ ಬಿಟ್ಟ ಅನೇಕ ನಟರಿಗೆ ಆಶ್ರಯ ನೀಡಿದ ಜ್ಯೂರಿಕ್‌ನ ಶೌಶ್ಪೀಲ್‌ಹೌಸ್ ರಂಗಮಂದಿರದ ದಾಖಲೆಗಳಲ್ಲಿಯೂ ಹುಡುಕಿ. ರೈಖ್ಸ್‌ಕುಲ್ಟೂರ್‌ಕಾಮರ್ ಸಂಸ್ಥೆಯ ವೈಯಕ್ತಿಕ ಕಡತಗಳು ಜರ್ಮನಿಯ ರಾಷ್ಟ್ರೀಯ ದಾಖಲೆಗಳ ಸಂಗ್ರಹಾಲಯವಾದ ಬುಂಡೆಸ್‌ಆರ್ಕೀವ್‌ನ ಬರ್ಲಿನ್ ಶಾಖೆಯಲ್ಲಿ ಇವೆ; ಅವುಗಳನ್ನು ನೋಡುವವರೆಗೆ ‘ಇಂಥ ವರ್ಷದ ಬಳಿಕ ಹೆಸರು ಸಿಕ್ಕಿಲ್ಲ’ ಎಂದಷ್ಟೇ ಬರೆದು, ಕಾರಣದ ಜಾಗವನ್ನು ಖಾಲಿ ಬಿಡಿ.