ಸೆನ್ಸಾರ್ ಸ್ಕ್ರಿಪ್ಟ್ ಕಲಿಸಿದ ನಿರ್ದೇಶನ

ಗಾಂಧಿನಗರದಲ್ಲಿ ಸಹಾಯಕ ನಿರ್ದೇಶಕನಾಗಿ ನನ್ನ ಮೊದಲ ಎರಡು ವರ್ಷಗಳು ಕ್ಲ್ಯಾಪ್ ಬೋರ್ಡ್ ಮತ್ತು ಒಂದು ಶಾಟ್‌ನಿಂದ ಇನ್ನೊಂದಕ್ಕೆ ಏನೂ ಬದಲಾಗದಂತೆ ಗುರುತು ಬರೆದಿಡುವ ಕಂಟಿನ್ಯುಟಿ ಪುಸ್ತಕದೊಂದಿಗೆ ಕಳೆದವು. ಆಗಿನ್ನೂ ಫಿಲ್ಮಿನಲ್ಲೇ ಚಿತ್ರೀಕರಣ ನಡೆಯುತ್ತಿತ್ತು. 400 ಅಡಿಯ ಒಂದು ರೋಲು ನಾಲ್ಕೂವರೆ ನಿಮಿಷವೂ ಓಡುತ್ತಿರಲಿಲ್ಲವಾದ್ದರಿಂದ, ನಮ್ಮ ತಪ್ಪಿನಿಂದ ಒಂದು ಟೇಕ್ ಹೆಚ್ಚಾದರೂ ಅದರ ಲೆಕ್ಕ ನಿರ್ಮಾಪಕರವರೆಗೆ ಹೋಗುತ್ತಿತ್ತು.

ಒಂದು ದೃಶ್ಯದಲ್ಲಿ ತಾಯಿ ಅವರೆಕಾಯಿ ಸುಲಿಯುತ್ತಾ ಮಗನೊಡನೆ ಮಾತನಾಡಬೇಕಿತ್ತು. ಬೆಳಿಗ್ಗೆ ತಾಯಿಯ ಕ್ಲೋಸಪ್ಪುಗಳನ್ನು ತೆಗೆದು, ಊಟದ ನಂತರ ಆಕೆಯ ಭುಜದ ಮೇಲಿನಿಂದ ಮಗನ ಶಾಟ್‌ಗಳನ್ನು ತೆಗೆದೆವು. ಯಾವ ಮಾತಿಗೆ ಮೊರದಲ್ಲಿ ಎಷ್ಟು ಕಾಳಿತ್ತೆಂದು ನಾನು ಬರೆದಿಟ್ಟಿದ್ದೆ; ಯಾವ ಮಾತು ಕೇಳಿ ಆಕೆಯ ಕೈ ನಿಂತಿತೆಂಬುದನ್ನು ಮಾತ್ರ ಬರೆದಿರಲಿಲ್ಲ. ಸಂಕಲನಕ್ಕೆ ಕುಳಿತಾಗ ಕಾಳಿನ ರಾಶಿ ಸರಿಹೊಂದಿತು, ಕೈ ಹೊಂದಲಿಲ್ಲ. ಅಂದಿನಿಂದ ವಸ್ತುಗಳ ಜೊತೆಗೆ ನಟರು ಉಸಿರು ಬಿಗಿಹಿಡಿದ, ನೋಟ ತಪ್ಪಿಸಿದ ಜಾಗಗಳನ್ನೂ ಗುರುತು ಹಾಕತೊಡಗಿದೆ.

ಆಮೇಲೆ ಸಂಭಾಷಣೆ ಬರೆಯಲು ನೆರವಾಗುವ ಅವಕಾಶ ಸಿಕ್ಕಿತು. ಆದರೆ ನನಗೆ ನಿಜವಾಗಿ ಕಲಿಸಿದ್ದು ಸೆನ್ಸಾರ್ ಸ್ಕ್ರಿಪ್ಟ್. ಸಂಕಲನ ಮುಗಿದ ಚಿತ್ರವನ್ನು ನಿಲ್ಲಿಸಿ ನಿಲ್ಲಿಸಿ ನೋಡಿ, ಪರದೆಯಲ್ಲಿ ಉಳಿದ ಪ್ರತಿ ಮಾತನ್ನೂ ಬರೆದು ಮಂಡಳಿಗೆ ಸಲ್ಲಿಸುವ ಈ ಕೆಲಸವನ್ನು ಸಹಾಯಕರು ಬೇಸರದಿಂದಲೇ ಮಾಡುತ್ತಾರೆ. ನಾನು ರಾತ್ರಿಯಿಡೀ ಕುಳಿತು ಬರೆದಿದ್ದ ಏಳು ಸಾಲಿನ ಮಾತು ಅಲ್ಲಿ ಒಂದೂವರೆ ಸಾಲಿಗೆ ಇಳಿದಿತ್ತು. ಮೊದಲು ಸಿಟ್ಟು ಬಂತು. ಅದೇ ಭಾಗವನ್ನು ಮತ್ತೆ ಮತ್ತೆ ಓಡಿಸಿದಾಗ, ನಾನು ಬರೆದದ್ದನ್ನೆಲ್ಲ ನಟಿಯ ಕಣ್ಣು ಆಗಲೇ ಹೇಳಿ ಮುಗಿಸಿತ್ತೆಂಬುದು ಕಾಣಿಸಿತು. ನಿರ್ದೇಶನ ಮಾಡಬೇಕೆಂಬ ಆಸೆ ಹುಟ್ಟಿದ್ದು ಆ ಮೇಜಿನ ಮುಂದೆ.

ಸಹಾಯಕನಾಗಿ ಕಲಿತು ನಿರ್ದೇಶಕನಾಗುವುದು ನಮ್ಮಲ್ಲಿ ಹಳೆಯ ದಾರಿಯೇ. ಪುಟ್ಟಣ್ಣ ಕಣಗಾಲ್ ಅವರೂ ಬಿ.ಆರ್. ಪಂತುಲು ಅವರ ಬಳಿ ಪಳಗಿದವರು. ನಾನು ನಾಲ್ಕು ವರ್ಷ ಕಥೆ ಹೇಳಿದ ಮೇಲೆ ಒಬ್ಬ ನಿರ್ಮಾಪಕರು ಒಪ್ಪಿದರು.

ಮೊದಲ ದಿನ ಮಾನಿಟರಿನ ಮುಂದೆ ಕುಳಿತ ನನ್ನ ಕಣ್ಣು ಅಭ್ಯಾಸಬಲದಿಂದ ದೃಶ್ಯದಲ್ಲಿದ್ದ ಕಾಫಿ ಲೋಟದ ಮೇಲೆಯೇ ಇತ್ತು. ಹಿರಿಯ ಛಾಯಾಗ್ರಾಹಕರು ಪಕ್ಕಕ್ಕೆ ಬಂದು, "ಲೋಟ ನೋಡೋಕೆ ಹುಡುಗರಿದ್ದಾರೆ ಸಾರ್, ನೀವು ಮುಖ ನೋಡಿ" ಎಂದು ಮೆಲ್ಲಗೆ ಹೇಳಿದರು. ಆ ಮಾತಿಗೆ ನಾನು ಇಂದಿಗೂ ಋಣಿ.

ಎರಡನೆಯ ವಾರ ಬಸ್ ನಿಲ್ದಾಣದ ದೃಶ್ಯ. ತಂದೆಗೆ ಒಂಬತ್ತು ಸಾಲು ಬರೆದಿದ್ದೆ. ನಟರು ಎರಡು ಸಾಲು ಹೇಳಿ ಸುಮ್ಮನಾದರು, ಮಗನ ಚೀಲವನ್ನು ತಾವೇ ಎತ್ತಿಕೊಂಡು ಬಸ್ಸಿನ ಕಡೆ ನಡೆದರು. ನಾನು ಓಕೆ ಎಂದೆ. ಸ್ಕ್ರಿಪ್ಟ್ ಹಿಡಿದಿದ್ದ ಹುಡುಗಿ ಓಡಿ ಬಂದು, "ಸಾರ್, ಇನ್ನೂ ಏಳು ಸಾಲಿದೆ" ಎಂದಳು. ಅವನ್ನು ಹೊಡೆದುಹಾಕಿ, ಚೀಲ ಎಡಗೈಯಲ್ಲಿತ್ತೆಂದು ಬರೆದುಕೊಳ್ಳಮ್ಮ ಎಂದೆ.